ಮೂರನೆಯ ಪ್ರತಿ

ಕುತ್ಲು ತನ್ನ ಕೈಯಾರೆ ಬರೆದು ಆರು ಹುಡುಗಿಯರನ್ನು ತರಿಸಿದ್ದಳು.

ಮೊದಲ ಇಬ್ಬರನ್ನು ತರಿಸುವಾಗ ತಾನು ಬರೆಯುತ್ತಿರುವುದು ಏನು ಅಂತ ಅವಳಿಗೆ ಗೊತ್ತಿರಲಿಲ್ಲ. ಉಳಿದ ನಾಲ್ವರ ವಿಷಯದಲ್ಲಿ ಆ ಮಾತು ಹೇಳುವ ಹಾಗಿಲ್ಲ.

ಜಿನೋವಾದಲ್ಲಿ, ಬಂದರಿನಿಂದ ಮೇಲಕ್ಕೆ ಹತ್ತುವ ಓಣಿಯೊಂದರಲ್ಲಿ ಪೆಲ್ಲೆಗ್ರಾ ಅಮ್ಮನವರ ಮನೆ. ಗಂಡ ಸತ್ತು ಬಹಳ ಕಾಲವಾಗಿತ್ತು. ಒಬ್ಬನೇ ಮಗ ಅನ್ಸಾಲ್ಡೊ ಸಮುದ್ರದಾಚೆ ಕಿಯೋಸ್ ದ್ವೀಪದಲ್ಲಿ ಕೂತು ವ್ಯಾಪಾರ ಮಾಡುತ್ತಿದ್ದ. ಇಲ್ಲಿಂದ ಉಣ್ಣೆಬಟ್ಟೆ ಹೋಗುತ್ತಿತ್ತು. ಅಲ್ಲಿಂದ ಪಟಿಕ, ಮರದ ಅಂಟು, ಮೆಣಸು, ಹುಡುಗಿಯರು ಬರುತ್ತಿದ್ದರು. ಬಂದವರಲ್ಲಿ ಹೆಚ್ಚಿನವರನ್ನು ಅಮ್ಮನವರು ಲಾಭಕ್ಕೆ ಬೇರೆ ಮನೆಗಳಿಗೆ ಮಾರುತ್ತಿದ್ದರು. ಹುಡುಗಿಯರು ಕಿಯೋಸಿನವರಲ್ಲ. ಇನ್ನೂ ಆಚೆ, ಕಪ್ಪು ಸಮುದ್ರದ ದಂಡೆಯಲ್ಲಿ, ಕಾಫಾ ಅನ್ನುವ ಪೇಟೆಯಲ್ಲಿ ತಾರ್ತರ ಜನರ ಮಕ್ಕಳನ್ನು ಹಿಡಿದು ತಂದು ಮಾರುತ್ತಿದ್ದರು. ಕುತ್ಲು ಹದಿಮೂರು ವರ್ಷದವಳಿದ್ದಾಗ ಅಲ್ಲಿಂದಲೇ ಬಂದಿದ್ದಳು. ಪಾದ್ರಿ ತಲೆಗೆ ನೀರು ಹಾಕಿ ಬೆನೆದೆತ್ತಾ ಅಂತ ಹೆಸರಿಟ್ಟ. ಬೆನೆದೆತ್ತಾ ಅಂದರೆ ದೇವರ ಆಶೀರ್ವಾದ ಇರುವವಳು. ಅವಳ ಮಾತಿನಲ್ಲಿ ಕುತ್ಲು ಅಂದರೂ ಅದೇ. ಅದು ಯಾರಿಗೂ ಗೊತ್ತಿರಲಿಲ್ಲ, ಯಾರೂ ಕೇಳಿರಲಿಲ್ಲ.

ಅವಳಿಗೆ ಒಬ್ಬಳು ಮಗಳಿದ್ದಳು, ತೊಮಸೀನಾ. ಹನ್ನೆರಡು ವರ್ಷ. ಅನ್ಸಾಲ್ಡೊ ಕಿಯೋಸಿಗೆ ಹೋಗುವ ಮೊದಲು ಹುಟ್ಟಿದವಳು. ಹೇಗೆ ಹುಟ್ಟಿದಳು ಅಂತ ಮನೆಯಲ್ಲಿ ಯಾರೂ ಕೇಳಲಿಲ್ಲ, ಏಕೆಂದರೆ ಮಗುವಿನ ಮೂಗು ನೋಡಿದರೆ ಸಾಕಿತ್ತು. ಕುತ್ಲುಗೆ ಆಗ ಹದಿನೇಳು. ಬೇಡ ಅನ್ನುವ ಮಾತು ಆ ಊರಿನ ಭಾಷೆಯಲ್ಲಿ ಅವಳಿಗೆ ಬರುತ್ತಿತ್ತು. ಹೇಳಿಯೂ ಇದ್ದಳು. ತೊತ್ತಿನ ಹೊಟ್ಟೆಯಲ್ಲಿ ಹುಟ್ಟಿದ್ದು ತೊತ್ತೇ ಅಂತ ಊರಿನ ಕಾನೂನು, ಹಾಗಾಗಿ ಅಮ್ಮನವರ ಮನೆಗೆ ಮೊಮ್ಮಗಳ ಬದಲು ಒಂದು ಜೊತೆ ಕೈ ಹೆಚ್ಚಾಯಿತು.

ಬೆಳಿಗ್ಗೆ ಎದ್ದರೆ ಕಾರಂಜಿಯಿಂದ ನಾಲ್ಕು ಮಹಡಿಗೆ ನೀರು ಹೊರಬೇಕು. ಆಮೇಲೆ ಬೂದಿನೀರಲ್ಲಿ ಬಟ್ಟೆ ಕುದಿಸಬೇಕು. ಬೂದಿನೀರು ಬಟ್ಟೆಯ ಕೊಳೆಯನ್ನೂ ತಿನ್ನುತ್ತದೆ, ಕೈಯ ಚರ್ಮವನ್ನೂ ತಿನ್ನುತ್ತದೆ, ಅದಕ್ಕೆ ಭೇದವಿಲ್ಲ. ಚಳಿಗಾಲದಲ್ಲಿ ಬೆರಳಿನ ಗೆಣ್ಣುಗಳೆಲ್ಲ ಬಿರಿಯುತ್ತಿದ್ದವು. ಅದರ ಮೇಲೆ ಎಣ್ಣೆ ಸವರಿಕೊಂಡರೆ ಎಣ್ಣೆ ಕದ್ದಳು ಅಂತ ಬೈಗುಳ. ಮಧ್ಯಾಹ್ನ ಕಡಲೆಹಿಟ್ಟಿನ ರೊಟ್ಟಿ ಒಂದು ತುಂಡು ತಿಂದು ಅದೇ ಬಿರಿದ ಕೈಯಲ್ಲಿ ಬರೆಯುವ ಗರಿ ಹಿಡಿದು ಕೂರಬೇಕು.

ತೊತ್ತಿನ ಕೈಗೆ ಗರಿ ಯಾಕೆ ಬಂತು ಅಂದರೆ, ಅಮ್ಮನವರ ಕೈ ನಡುಗುತ್ತಿತ್ತು. ಸಮುದ್ರದ ವ್ಯಾಪಾರ ಮಾಡುವ ಮನೆಗಳಲ್ಲಿ ಒಂದು ಪತ್ರವನ್ನು ಮೂರು ಸಲ ಬರೆಯುತ್ತಾರೆ. ಮೂರು ಹಡಗಿಗೆ ಮೂರು ಪ್ರತಿ. ಒಂದು ಮುಳುಗಲಿ, ಒಂದನ್ನು ಕಳ್ಳರು ಹಿಡಿಯಲಿ, ಮೂರನೆಯದಾದರೂ ಮುಟ್ಟುತ್ತದೆ. ಸಂಬಳದ ಬರಹಗಾರನನ್ನು ಇಟ್ಟರೆ ಮನೆಯ ಗುಟ್ಟು ಬೀದಿಗೆ ಬೀಳುತ್ತದೆ. ಕುತ್ಲು ಕಸೂತಿ ಹಾಕುತ್ತಿದ್ದಳು. ಹಾಳೆಯ ಮೇಲಿನ ಹೂವಿಗೆ ಸೂಜಿಯಿಂದ ತೂತು ಮಾಡಿ, ಇದ್ದಿಲ ಪುಡಿ ಉಜ್ಜಿ, ಬಟ್ಟೆಯ ಮೇಲೆ ಅದೇ ಹೂವನ್ನು ಇಳಿಸುವುದರಲ್ಲಿ ಅವಳನ್ನು ಮೀರಿಸುವವರಿರಲಿಲ್ಲ. ಅಮ್ಮನವರು ಯೋಚಿಸಿ, ಹೂವು ಇಳಿಸಲು ಓದು ಬೇಕಿಲ್ಲವಲ್ಲ, ಅಕ್ಷರಕ್ಕೂ ಬೇಕಿಲ್ಲ ಅಂತ ತೀರ್ಮಾನಿಸಿದರು. ತಾವು ನಡುಗುವ ಕೈಯಲ್ಲಿ ಗೀಚಿದ್ದನ್ನು ಇವಳ ಮುಂದಿಡುವುದು. ಇವಳು ಮೂರು ಸಲ ಅಂದವಾಗಿ ಇಳಿಸುವುದು. ಮೂಲವನ್ನು ಒಲೆಗೆ ಹಾಕುವುದು. ಬಿಸಿ ಅರಗು ಸುರಿದು ಉಂಗುರದ ಮೊಹರು ಒತ್ತುವುದೂ ಇವಳೇ, ಏಕೆಂದರೆ ಅರಗು ಬೆರಳ ಮೇಲೆ ಬಿದ್ದರೆ ಸುಡುತ್ತದೆ.

ಒಂಬತ್ತು ವರ್ಷ ಹೀಗೇ ನಡೆಯಿತು. ಪೇಟೆಯಲ್ಲಿ ಪೆಲ್ಲೆಗ್ರಾ ಅಮ್ಮನವರ ಅಕ್ಷರಕ್ಕೆ ದೊಡ್ಡ ಹೆಸರು ಬಂತು. ಈ ವಯಸ್ಸಿನಲ್ಲೂ ಎಂಥ ಕೈ ಅಂತ ಉಣ್ಣೆ ವ್ಯಾಪಾರಿಗಳು ಹೊಗಳುತ್ತಿದ್ದರು. ಅಮ್ಮನವರು ಕಣ್ಣು ಕೆಳಗೆ ಮಾಡಿ, ಎಲ್ಲಾ ಸಂತ ಮೇರಿಯ ಕೃಪೆ ಅನ್ನುತ್ತಿದ್ದರು.

ಆದರೆ ಅಮ್ಮನವರಿಗೆ ಒಂದು ಅಭ್ಯಾಸವಿತ್ತು. ಬರೆಯುವಾಗ ಬರೆದದ್ದನ್ನೆಲ್ಲ ಬಾಯಲ್ಲೇ ಅರೆಬರೆ ಗುಣುಗುವುದು. ಕುತ್ಲು ಪಕ್ಕದಲ್ಲೇ ಶಾಯಿ ಅರೆಯುತ್ತ ಕೂತಿರುತ್ತಿದ್ದಳು. ಕಿವಿಯಲ್ಲಿ ಆ ಗುಣುಗು ಇನ್ನೂ ಇರುವಾಗಲೇ ಅದನ್ನು ಕೈಯಲ್ಲಿ ಇಳಿಸುತ್ತಿದ್ದಳು. ಮೂರು ಸಲ. ಕಲ್ಲಾಗಿದ್ದರೂ ಓದು ಬಂದುಬಿಡುತ್ತಿತ್ತು.

ಪತ್ರದಲ್ಲಿ ಮೊದಲು ದೇವರು, ಆಮೇಲೆ ಅಮ್ಮನವರ ಮಂಡಿನೋವು, ಆಮೇಲೆ ಪಟಿಕದ ಧಾರಣೆ, ಆಮೇಲೆ ಹುಡುಗಿ. ಅವಳು ಪೂರ್ತಿ ಓದಿ ಅರ್ಥ ಮಾಡಿಕೊಂಡ ಮೊದಲನೆಯ ಸಾಲು ಇದು: ಹದಿನಾಲ್ಕು ಮೀರಿರಬಾರದು, ಮುಖದಲ್ಲಿ ಸಿಡುಬಿನ ಕಲೆ ಬೇಡ, ಹಲ್ಲು ಗಟ್ಟಿ ಇರಲಿ. ಐದು ತಿಂಗಳಿಗೆ ಹುಡುಗಿ ಬಂದಳು. ಪತ್ರದಲ್ಲಿ ಇದ್ದ ಹಾಗೇ ಇದ್ದಳು. ಕುತ್ಲು ಅವಳ ಬಾಯಿ ನೋಡಿದಳು, ಹಲ್ಲು ಗಟ್ಟಿ ಇತ್ತು. ಆ ಹುಡುಗಿ ಎರಡು ಚಳಿಗಾಲ ನೀರು ಹೊತ್ತಳು, ಮೂರನೆಯದರಲ್ಲಿ ಕೆಮ್ಮಿ ಸತ್ತಳು. ಅಮ್ಮನವರು ಮಗನಿಗೆ, ಹೋದ ಸಲ ಕಳಿಸಿದ್ದು ಬಾಳಿಕೆ ಬರಲಿಲ್ಲ, ಈ ಸಲ ಎದೆ ನೋಡಿ ತೆಗೆದುಕೋ ಅಂತ ಬರೆದರು. ಕುತ್ಲು ಅದನ್ನು ತಿಳಿದು ತಿಳಿದೇ ಮೂರು ಸಲ ಬರೆದಳು. ಒಂದು ಅಕ್ಷರ ಸೊಟ್ಟ ಆಗಲಿಲ್ಲ. ಅವತ್ತು ಅವಳಿಗೆ ತನ್ನ ಕೈ ಕಂಡರೆ ಹೇಸಿಗೆಯಾಯಿತು. ಆದರೂ ಆ ಕೈಯಲ್ಲೇ ರೊಟ್ಟಿ ತಿಂದಳು, ಬೇರೆ ಕೈ ಇರಲಿಲ್ಲ.

ಈ ಚಳಿಗಾಲದಲ್ಲಿ ಅನ್ಸಾಲ್ಡೊನ ಒಂದು ಪತ್ರ ಬಂತು. ಅಮ್ಮನವರು ಕಿಟಕಿಯ ಹತ್ತಿರ ನಿಂತು ಓದಿದರು. ಈ ಸಲ ಗುಣುಗಲಿಲ್ಲ. ತುಟಿ ಅಲ್ಲಾಡಲಿಲ್ಲ. ಓದಿ ಮಡಿಸಿ ಒಲೆಗೆ ಹಾಕಿದರು. ಮಗನ ಪತ್ರವನ್ನು ಅವರು ಯಾವತ್ತೂ ಸುಟ್ಟವರಲ್ಲ. ಹತ್ತು ದಿನ ಬಿಟ್ಟು ಎರಡನೆಯ ಪ್ರತಿ ಬಂತು. ಅದನ್ನು ಬಿಚ್ಚಲೂ ಇಲ್ಲ, ಹಾಗೇ ಒಲೆಗೆ ಹೋಯಿತು. ಅದರ ಹಿಂದೆಯೇ ಕಿಯೋಸಿನಿಂದ ಮಗನ ವ್ಯಾಪಾರದ ಪಾಲುದಾರನ ಪತ್ರ ಬಂತು, ಅನ್ಸಾಲ್ಡೊ ಪ್ಲೇಗಿನಲ್ಲಿ ತೀರಿಕೊಂಡ ಅಂತ. ಅಮ್ಮನವರು ಕಪ್ಪು ಬಟ್ಟೆ ಉಟ್ಟು ಮೂರು ದಿನ ಊಟ ಬಿಟ್ಟರು. ಅಳು ನಿಜವೇ. ಕುತ್ಲುಗೆ ಅಳು ಬರಲಿಲ್ಲ, ನಗುವೂ ಬರಲಿಲ್ಲ. ಮೂರನೆಯ ಪ್ರತಿ ಹೊತ್ತ ಹಡಗು ಸಿಸಿಲಿಯ ಹತ್ತಿರ ಮುಳುಗಿತು ಅಂತ ಬಂದರಿನಲ್ಲಿ ಸುದ್ದಿ ಹಬ್ಬಿತು. ಅಮ್ಮನವರು ಚರ್ಚಿನಲ್ಲಿ ದೊಡ್ಡ ಮೇಣದ ಬತ್ತಿಯೊಂದನ್ನು ಹಚ್ಚಿಸಿದರು. ಸತ್ತ ನಾವಿಕರಿಗೋ, ಮುಳುಗಿದ ಪತ್ರಕ್ಕೋ, ಅದು ದೇವರಿಗೇ ಗೊತ್ತು.

ಈಸ್ಟರ್ ಹಬ್ಬಕ್ಕೆ ಎರಡು ವಾರ ಇರುವಾಗ ಅಮ್ಮನವರು, ಕುತ್ಲು ನೀರಿಗೆ ಹೋಗಿದ್ದಾಗ ಪಾಲುದಾರನಿಗೆ ಪತ್ರ ಗೀಚಿ, ಬಂದ ಮೇಲೆ ಅವಳ ಮುಂದಿಟ್ಟರು. ಎರಡು ಹಡಗು ಮಧ್ಯಾಹ್ನವೇ ಹೊರಡುತ್ತವೆ, ಎರಡು ಪ್ರತಿ ಈಗಲೇ ಆಗಬೇಕು, ಮೂರನೆಯದು ಮುಂದಿನ ವಾರಕ್ಕೆ ಆದರೂ ನಡೆಯುತ್ತದೆ ಅಂದರು. ಕುತ್ಲು ಬರೆಯುತ್ತ ಹೋದಳು. ದೇವರು ಆಯಿತು, ಮಂಡಿನೋವು ಆಯಿತು. ಆಮೇಲಿನ ಸಾಲು ಹೀಗಿತ್ತು: ಮನೆಯಲ್ಲಿ ಹುಟ್ಟಿದ ಹುಡುಗಿ ತೊಮಸೀನಾಳನ್ನು ಹಬ್ಬ ಕಳೆದ ಮೇಲೆ ಮಯೋರ್ಕಾ ದ್ವೀಪಕ್ಕೆ ಮಾರಾಟಕ್ಕೆ ಕಳಿಸುತ್ತಿದ್ದೇನೆ, ಅವಳ ಮುಖ ನೋಡಿದಾಗಲೆಲ್ಲ ನನಗೆ ಸಂಕಟವಾಗುತ್ತದೆ, ಅವಳ ಜಾಗಕ್ಕೆ ಒಬ್ಬಳನ್ನು ಕಳಿಸಿ, ಹಲ್ಲು ಗಟ್ಟಿ ಇರಲಿ.

ಅಮ್ಮನವರು ಎದುರಿಗೇ ಕೂತಿದ್ದರು. ಕುತ್ಲು ನಿಲ್ಲಿಸಲಿಲ್ಲ. ನಿಲ್ಲಿಸಿದರೆ ಓದು ಬರುತ್ತದೆ ಅಂತ ಗೊತ್ತಾಗುತ್ತದೆ. ಎರಡು ಸಲ ಬರೆದಳು. ಎರಡು ಸಲ ಮಗಳ ಹೆಸರು ಬರೆದಳು. ಅರಗು ಸುರಿದು ಮೊಹರು ಒತ್ತಿದಳು. ಅರಗು ಬೆರಳಿನ ಮೇಲೆ ಬಿತ್ತು, ಒರೆಸಿಕೊಂಡಳು.

ಮಾರನೆಯ ದಿನ ಅವಳು ಹೊಸಿಲು ಉಜ್ಜುತ್ತಿದ್ದಳು. ಒಬ್ಬ ನಾವಿಕ ಓಣಿ ಹತ್ತಿ ಬಂದ. ಪತ್ರವೊಂದನ್ನು ಹಿಡಿದು ನಿಂತ. ಹಡಗು ಮುಳುಗಿರಲಿಲ್ಲ ಕಣಮ್ಮಾ, ಚುಕ್ಕಾಣಿ ಮುರಿದು ಮೆಸ್ಸೀನಾದಲ್ಲಿ ಚಳಿಗಾಲ ಕಳೆದು ಬಂದೆವು, ಒಂದು ಲೋಟ ವೈನ್ ಕೊಡು ಅಂದ. ಕುತ್ಲು ವೈನ್ ಕೊಟ್ಟಳು. ಪತ್ರ ಇಸಿದುಕೊಂಡು ಒಗೆಯುವ ಬಟ್ಟೆಯ ಬುಟ್ಟಿಗೆ ಹಾಕಿ ಕಾರಂಜಿಗೆ ಹೋದಳು. ಅಲ್ಲಿ ಕಲ್ಲಿನ ಮೇಲೆ ಕೂತು ಮೊಹರು ಒಡೆದಳು.

ಅಕ್ಷರ ಗುಮಾಸ್ತನದು, ಕೆಳಗಿನ ಸಹಿ ಅನ್ಸಾಲ್ಡೊನದು. ಸಹಿ ಹಾವು ಹರಿದ ಹಾಗೆ ಹರಿದಿತ್ತು. ಕಂಕುಳಲ್ಲಿ ಗಡ್ಡೆ ಎದ್ದಿದೆ, ಹೆಚ್ಚು ದಿನ ಇಲ್ಲ ಅಂತ ಬರೆಸಿದ್ದ. ಬೆನೆದೆತ್ತಾಳನ್ನೂ ನನ್ನ ಮಗಳು ತೊಮಸೀನಾಳನ್ನೂ ತೊತ್ತುತನದಿಂದ ಬಿಟ್ಟಿದ್ದೇನೆ, ಇದನ್ನು ನೋಟರಿಯ ಮುಂದೆ ಹೇಳಿ ಬರೆಸು, ಇಲ್ಲದಿದ್ದರೆ ನನ್ನ ಆತ್ಮಕ್ಕೆ ನೆಲೆಯಿಲ್ಲ. ಅಮ್ಮಾ, ನಿನ್ನನ್ನು ನಾನು ಬಲ್ಲೆ. ಮುಟ್ಟಲಿಲ್ಲ ಅಂತ ಹೇಳಬೇಡ, ಮೂರು ಹಡಗಿಗೆ ಹಾಕಿದ್ದೇನೆ.

ಕುತ್ಲು ಅದನ್ನು ಎರಡು ಸಲ ಓದಿದಳು. ಇಷ್ಟು ವರ್ಷ ಬಾಯಿ ಮುಚ್ಚಿಕೊಂಡಿದ್ದವನು ಸಾಯುವಾಗ ನನ್ನ ಮಗಳು ಅಂದಿದ್ದ. ಅವಳಿಗೆ ಸಿಟ್ಟು ಬಂತು. ಸಿಟ್ಟು ಆಮೇಲೆ, ಮೊದಲು ಮಗಳು ಅಂದುಕೊಂಡಳು.

ಆ ಪತ್ರವೊಂದನ್ನೇ ಹಿಡಿದು ಹೋದರೆ ಆಗುವುದೇನು ಅಂತ ಅವಳಿಗೆ ಗೊತ್ತಿತ್ತು. ಗುಮಾಸ್ತ ಬರೆದದ್ದು, ನಾನು ನಂಬುವುದಿಲ್ಲ, ಉಳಿದೆರಡು ಪ್ರತಿ ಎಲ್ಲಿ ಅಂತ ಅಮ್ಮನವರು ಕೇಳುತ್ತಾರೆ. ತೊತ್ತಿನ ಸಾಕ್ಷಿ ನಡೆಯುವುದಿಲ್ಲ. ಪೇಟೆ ನಂಬುವುದು ಒಂದೇ ಒಂದನ್ನು, ಪೆಲ್ಲೆಗ್ರಾ ಅಮ್ಮನವರ ಅಕ್ಷರವನ್ನು. ಆ ಅಕ್ಷರ ಈಗ ಕಾರಂಜಿಯ ಕಲ್ಲಿನ ಮೇಲೆ ಕೂತು ಬಟ್ಟೆ ಹಿಂಡುತ್ತಿತ್ತು.

ಮರುದಿನ ಅಮ್ಮನವರು ಪ್ರಾರ್ಥನೆಗೆ ಹೋದಾಗ ಕುತ್ಲು ಗರಿ ಹಿಡಿದಳು. ಈ ಸಲ ಮುಂದೆ ಮೂಲವಿರಲಿಲ್ಲ. ಪೆಲ್ಲೆಗ್ರಾ ಎಂಬ ನಾನು, ನನ್ನ ಮಗನ ಪತ್ರ ಮುಟ್ಟಿ, ಅವನ ಇಚ್ಛೆಯಂತೆ ಬೆನೆದೆತ್ತಾಳನ್ನೂ ಅವಳ ಮಗಳನ್ನೂ ಇಂದಿನಿಂದ ಬಿಟ್ಟಿದ್ದೇನೆ ಅಂತ ಬರೆದಳು. ಮಂಡಿನೋವನ್ನೂ ಸೇರಿಸಿದಳು, ಅದಿಲ್ಲದಿದ್ದರೆ ಯಾರೂ ನಂಬುತ್ತಿರಲಿಲ್ಲ. ಅಮ್ಮನವರು ಶಾಯಿಯ ಪೆಟ್ಟಿಗೆಯಲ್ಲೇ ಬಿಟ್ಟುಹೋಗುತ್ತಿದ್ದ ಉಂಗುರ ತೆಗೆದಳು. ಮೊಹರು ಒತ್ತಿದಳು. ಕಳ್ಳ ಬರಹಕ್ಕೆ ಆ ಊರಿನಲ್ಲಿ ಬಲಗೈ ಕತ್ತರಿಸುತ್ತಿದ್ದರು. ಕತ್ತರಿಸಿದರೆ ಕತ್ತರಿಸಲಿ, ಆರು ಹುಡುಗಿಯರನ್ನು ತರಿಸಿದ ಕೈ ಅಂದುಕೊಂಡಳು.

ಬುಧವಾರ ಅಮ್ಮನವರು ತೊಮಸೀನಾಳ ಮಾರಾಟದ ಪತ್ರ ಮಾಡಿಸಲು ನೋಟರಿಯ ಹತ್ತಿರ ಹೊರಟರು. ಹುಡುಗಿಯನ್ನು ತೋರಿಸಬೇಕಲ್ಲ, ಕರೆದುಕೊಂಡು ಬಾ ಅಂದರು. ಸಾಹುಕಾರರ ಚೌಕದ ಕಮಾನಿನ ಕೆಳಗೆ ಓಬೆರ್ತೊ ಎಂಬ ನೋಟರಿಯ ಮೇಜು. ಸುತ್ತ ಹತ್ತೆಂಟು ವ್ಯಾಪಾರಿಗಳು ನಿಂತಿದ್ದರು. ಅವರ ನಡುವೆ ಉಣ್ಣೆಯ ಲಾಂಫ್ರಾಂಕೊ ಇದ್ದ. ಅಮ್ಮನವರ ಅಕ್ಷರವನ್ನು ಎಲ್ಲರಿಗಿಂತ ಹೆಚ್ಚು ಹೊಗಳುತ್ತಿದ್ದವನು ಅವನೇ. ನೋಟರಿ ತೊಮಸೀನಾಳ ಗಲ್ಲ ಹಿಡಿದು ಬಾಯಿ ತೆರೆಸಲು ಕೈ ಚಾಚಿದ. ಕುತ್ಲು ನಡುವೆ ಎರಡು ಪತ್ರ ಇಟ್ಟಳು. ಒಂದು ಅನ್ಸಾಲ್ಡೊನದು, ಇನ್ನೊಂದು ತಾನು ಬರೆದದ್ದು. ಅಮ್ಮನವರ ಪತ್ರಗಳನ್ನು ಅವನಿಗೆ ಯಾವಾಗಲೂ ತಂದುಕೊಡುತ್ತಿದ್ದವಳು ಅವಳೇ ಆದ್ದರಿಂದ ನೋಟರಿ ಏನೂ ಕೇಳದೆ ಎರಡನೆಯದರ ಮೊಹರು ಒಡೆದು ಗಟ್ಟಿಯಾಗಿ ಓದಿದ. ಎರಡನ್ನೂ ಓದಿದ. ಮಂಡಿನೋವು ಬಂದಾಗ ಎಲ್ಲರೂ ತಲೆ ಆಡಿಸಿದರು.

ಅಮ್ಮನವರು ಮೇಜಿಗೆ ಹತ್ತಿರ ಸರಿದು ಕಾಗದ ನೋಡಿದರು.

"ಇದನ್ನ ನಾನು ಬರೆದಿಲ್ಲ" ಅಂದರು.

"ಅಕ್ಷರ ನಿಮ್ದು, ಮೊಹರು ನಿಮ್ದು" ಅಂದ ನೋಟರಿ. "ನನ್ನ ಪೆಟ್ಟಿಗೇಲಿ ನಿಮ್ಮ ನಲವತ್ತು ಕಾಗದ ಇವೆ. ಪಕ್ಕದಲ್ಲಿಟ್ಟು ನೋಡ್ಲಾ?"

ಲಾಂಫ್ರಾಂಕೊ ಮುಂದೆ ಬಂದು ಬಗ್ಗಿ ನೋಡಿದ. ಅವನ ಹತ್ತಿರವೂ ಇದೇ ಅಕ್ಷರದ ಕರಾರು ಇತ್ತು. "ಅಮ್ಮಾ, ಇದು ನಿಮ್ಮದಲ್ಲ ಅಂದ್ರೆ ನಂದೂ ನಿಮ್ಮದಲ್ವಾ?" ಅಂತ ಕೇಳಿದ.

ಆಗ ಕುತ್ಲು ಮಾತಾಡಿದಳು. ಸುಳ್ಳು ಹೇಳಲು ಬಂದಿದ್ದವಳು ಅವಳು. ದಾರಿಯುದ್ದಕ್ಕೂ ಸುಳ್ಳನ್ನೇ ಬಾಯಿಪಾಠ ಮಾಡಿಕೊಂಡಿದ್ದಳು. ಆದರೆ ಮಗಳ ಬಾಯಿಗೆ ಚಾಚಿದ ಆ ಕೈ ನೋಡಿದ ಮೇಲೆ ಅದೆಲ್ಲ ಸಾಕಾಗಿ ಹೋಯಿತು.

"ಅಮ್ಮಾವ್ರು ಹೇಳ್ತಿರೋದು ನಿಜ. ಅವರು ಬರೆದಿಲ್ಲ, ನಾನು ಬರೆದಿದ್ದು. ನಿಮ್ಮ ಕರಾರೂ ನಾನೇ ಬರೆದಿದ್ದು. ನೋಟರಿಯವರ ಪೆಟ್ಟಿಗೇಲಿರೋ ನಲವತ್ತೂ ನಾನೇ. ಒಂಬತ್ತು ವರ್ಷದಿಂದ ಈ ಮನೆ ಕೈ ನಂದು. ಬೇಕಾದ್ರೆ ಗರಿ ಕೊಡಿ, ಇಲ್ಲೇ ಬರೀತೀನಿ."

ಒಬ್ಬಿಬ್ಬರು ನಕ್ಕರು. ಆಮೇಲೆ ನಗು ನಿಂತಿತು. ಒಬ್ಬೊಬ್ಬರೂ ತಮ್ಮ ತಮ್ಮ ಪೆಟ್ಟಿಗೆಯಲ್ಲಿದ್ದ ಕಾಗದಗಳನ್ನು ನೆನಪಿಸಿಕೊಳ್ಳುತ್ತಿದ್ದದ್ದು ಮುಖದಲ್ಲೇ ಕಾಣುತ್ತಿತ್ತು. ತೊತ್ತು ಬರೆದ ಕರಾರು ಕರಾರಲ್ಲ. ಸಮುದ್ರದಲ್ಲಿರುವ ಸರಕು ಯಾರದು? ಲಾಂಫ್ರಾಂಕೊ ಅಮ್ಮನವರ ಕೈಯನ್ನೇ ನೋಡಿದ. ಅಮ್ಮನವರು ಕೈಯನ್ನು ಕಪ್ಪು ಶಾಲಿನ ಒಳಗೆ ಎಳೆದುಕೊಂಡರು.

"ತೊತ್ತಿಗೆ ಎಲ್ಲಾದ್ರೂ ಬರಹ ಬರುತ್ತೇನ್ರೀ?" ಅಂದರು ಅಮ್ಮನವರು. ದನಿ ಗಟ್ಟಿ ಇತ್ತು. "ಸುಳ್ಳು ಬೊಗಳ್ತಾ ಇದಾಳೆ. ಎಲ್ಲಾ ನಾನೇ ಬರೆದಿದ್ದು."

"ಎಲ್ಲಾನೂ?" ಅಂದ ನೋಟರಿ.

"ಎಲ್ಲಾನೂ."

"ಇದನ್ನೂ?"

ಅಮ್ಮನವರು ಆ ಕಾಗದವನ್ನು ನೋಡಿದರು, ಲಾಂಫ್ರಾಂಕೊನನ್ನು ನೋಡಿದರು. ಕುತ್ಲುವನ್ನು ಮಾತ್ರ ನೋಡಲಿಲ್ಲ.

"ಇದನ್ನೂ. ವಯಸ್ಸಾಯ್ತು, ಮರೆತಿದ್ದೆ."

ಹೀಗೆ ಕುತ್ಲು ಎಲ್ಲರೆದುರು ನಿಜ ಹೇಳಿದಳು, ಅದನ್ನು ಸುಳ್ಳು ಮಾಡಲು ಹೋಗಿ ಅಮ್ಮನವರು ಅವಳನ್ನೂ ಮಗಳನ್ನೂ ಬಿಟ್ಟರು. ನೋಟರಿ ಬರೆದುಕೊಂಡ. ಲಾಂಫ್ರಾಂಕೊ ಸಾಕ್ಷಿ ಹಾಕಿದ. ಅಮ್ಮನವರಿಂದ ಸಹಿ ಮಾಡಿಸಲು ನೋಟರಿ ಗರಿ ಚಾಚಲಿಲ್ಲ, ಉಂಗುರ ಒತ್ತಿ ಸಾಕು ಅಂದ. ಕೇಳಬಾರದ್ದನ್ನು ಕೇಳದೆ ಇರುವುದಕ್ಕೇ ಆ ಕೆಲಸದವರಿಗೆ ಸಂಬಳ.

ಮನೆಗೆ ಬಂದು ಕುತ್ಲು ಬಟ್ಟೆ ಗಂಟು ಕಟ್ಟಿದಳು. ಎರಡು ಅಂಗಿ, ಒಂದು ಸೂಜಿಡಬ್ಬಿ. ಅಮ್ಮನವರು ಬಾಗಿಲಲ್ಲಿ ನಿಂತಿದ್ದರು. ಬೈಯುತ್ತಾರೆ ಅಂದುಕೊಂಡಿದ್ದಳು, ಬೈಯಲಿಲ್ಲ. ಕಿಯೋಸಿನ ಪತ್ರದ ಮೂರನೆಯ ಪ್ರತಿ ಇನ್ನೂ ಬಾಕಿ ಇದೆ, ಶುಕ್ರವಾರ ಹಡಗು ಹೊರಡುತ್ತದೆ, ಅದೊಂದು ಬರೆದುಕೊಟ್ಟು ಹೋಗು ಅಂದರು. ಕೂಲಿ ಕೊಡುತ್ತೇನೆ ಅಂದರು. ಇಷ್ಟು ವರ್ಷದಲ್ಲಿ ಆ ಮಾತು ಅದೇ ಮೊದಲು.

"ಬರೆಯಲ್ಲ" ಅಂದಳು ಕುತ್ಲು.

"ಹದಿನಾರು ವರ್ಷ ಈ ಮನೆ ಉಪ್ಪು ತಿಂದಿದೀಯಾ ಕಣೆ."

"ತಿಂದಿದ್ದು ನೀವು, ಅಮ್ಮಾವ್ರೆ. ನನ್ನ ಕೈ ನೋಡಿ, ಚರ್ಮ ಎಲ್ಲಿದೆ? ಉಪ್ಪು ತಿಂದೋರು ನೀರು ಕುಡೀಲೇಬೇಕು. ನೀರು ಕಾರಂಜೀಲಿದೆ, ನಾಲ್ಕು ಮಹಡಿ ಕೆಳಗೆ. ಹೋಗಿ ತಗೊಂಡು ಬನ್ನಿ."

ಹದಿನೇಳನೆಯ ವಯಸ್ಸಿನಲ್ಲಿ ಅವಳು ಬೇಡ ಅಂದಾಗ ಯಾರಿಗೂ ಕೇಳಿಸಿರಲಿಲ್ಲ. ಈ ಸಲ ಕೇಳಿಸಿತು. ಅಮ್ಮನವರು ಬಾಗಿಲು ಬಿಟ್ಟು ಪಕ್ಕಕ್ಕೆ ಸರಿದರು.

ತಾಯಿ ಮಗಳು ಬಂದರಿನ ಹಿಂದೆ, ಮೀನಿಗೆ ಉಪ್ಪು ಹಾಕುವವರ ಮನೆಯಲ್ಲಿ ಒಂದು ಕೋಣೆ ಹಿಡಿದರು. ನೋಟರಿ ಓಬೆರ್ತೊ ಗುಟ್ಟಾಗಿ ಹೇಳಿಕಳಿಸಿದ, ನನಗೂ ಪ್ರತಿ ಬರೆದುಕೊಡುತ್ತೀಯಾ ಅಂತ. ಏನನ್ನು ಬರೆಯಬೇಕು ಅಂತ ಅವಳು ಕೇಳಿಕಳಿಸಿದಳು. ಅರ್ಧ ಮನೆ ಜಮೀನಿನ ಮಾರಾಟ, ಅರ್ಧ ಮನುಷ್ಯರದು ಅಂತ ಉತ್ತರ ಬಂತು. ಕುತ್ಲು ಮೀನಿಗೇ ಉಪ್ಪು ಹಾಕಿದಳು. ಬಿರಿದ ಬೆರಳಿಗೆ ಉಪ್ಪು ಉರಿಯುತ್ತಿತ್ತು, ಅದು ಅವಳ ಸ್ವಂತ ಉರಿ. ಮಗಳಿಗೆ ಇದ್ದಿಲಿನಿಂದ ಗೋಡೆಯ ಮೇಲೆ ಅಕ್ಷರ ಕಲಿಸಿದಳು.

ಆದರೆ ಆ ಎರಡು ಪ್ರತಿ ಸಮುದ್ರದ ಮೇಲಿದ್ದವು. ಅವು ಅವಳ ಕೈಯಲ್ಲಿ ಬರೆದವು. ಮೊಹರಿಲ್ಲದ ಅವಳ ಪತ್ರವನ್ನು ಕಿಯೋಸಿನಲ್ಲಿ ಯಾರೂ ಬಿಚ್ಚುವುದಿಲ್ಲ, ಹಾಗಾಗಿ ಬೇಡ ಅಂತ ಇನ್ನೊಂದು ಬರೆಯುವ ದಾರಿಯೂ ಇರಲಿಲ್ಲ. ಒಂದು ಹಡಗು ಮುಳುಗಿತು ಅಂತ ಬೇಸಿಗೆಯಲ್ಲಿ ಸುದ್ದಿ ಬಂತು. ಅವಳು ಮೇಣದ ಬತ್ತಿ ಹಚ್ಚಲಿಲ್ಲ. ಎರಡನೆಯದೂ ಮುಳುಗಲಿ ಅಂತ ಬೇಡಿಕೊಂಡಳು. ನಾವಿಕರೂ ಮನುಷ್ಯರೇ ಅನ್ನುವುದು ನೆನಪಾಗಿ ಆ ಬೇಡಿಕೆಯನ್ನೂ ವಾಪಸ್ ತೆಗೆದುಕೊಂಡಳು.

ಐದು ತಿಂಗಳು ಅವಳು ಪ್ರತಿ ಹಡಗಿಗೂ ಬಂದರಿನ ಧಕ್ಕೆಗೆ ಹೋದಳು. ದ್ರಾಕ್ಷಿ ಕೊಯ್ಲಿನ ಹೊತ್ತಿಗೆ ಕಿಯೋಸಿನ ಹಡಗು ಬಂತು. ಮೊದಲು ಪಟಿಕದ ಮೂಟೆ ಇಳಿಯಿತು, ಆಮೇಲೆ ಮೆಣಸು, ಆಮೇಲೆ ಒಬ್ಬಳು ಹುಡುಗಿ ಇಳಿದಳು. ಹದಿನಾಲ್ಕು ಮೀರಿರಲಿಲ್ಲ. ಮುಖದಲ್ಲಿ ಕಲೆ ಇರಲಿಲ್ಲ. ನಾವಿಕ ಅವಳನ್ನು ಹಗ್ಗದ ಸುರುಳಿಯ ಮೇಲೆ ಕೂರಿಸಿ, ಪೆಲ್ಲೆಗ್ರಾ ಅಮ್ಮನವರ ಮನೆಯ ದಾರಿ ಕೇಳಲು ಹೋದ.

ಕುತ್ಲು ಹತ್ತಿರ ಹೋಗಿ ಕೆಳಗೆ ಕೂತಳು. ಹುಟ್ಟಿದೂರಿನ ತನ್ನ ಮಾತಿನಲ್ಲಿ ಹುಡುಗಿಯ ಹೆಸರು ಕೇಳಿದಳು. ಹುಡುಗಿ ಬೆಚ್ಚಿದಳು. ತೈಬುಗಾ ಅಂತ ಮೆಲ್ಲಗೆ ಹೇಳಿದಳು.

"ಇನ್ನೊಂದ್ಸಲ ಹೇಳು."

ಹೇಳಿದಳು.

"ಇನ್ನೊಂದ್ಸಲ. ಮೂರು ಸಲ ಹೇಳ್ಬೇಕು. ಒಂದು ಕಳೆದುಹೋದ್ರೆ ಇನ್ನೊಂದು ಇರುತ್ತೆ."

ಹುಡುಗಿ ಮೂರನೆಯ ಸಲ ಹೇಳುವಾಗ ಅತ್ತಳು. ಬಾಯಿ ತೆರೆದಾಗ ಹಲ್ಲು ಕಂಡವು. ಗಟ್ಟಿ ಇದ್ದವು. ಕುತ್ಲು ಅವಳ ಎರಡೂ ಕೈ ಹಿಡಿದುಕೊಂಡಳು. ನಿನ್ನನ್ನು ಬರೆದು ತರಿಸಿದವಳು ನಾನೇ ಅಂತ ಹೇಳಿದಳು. ಹುಡುಗಿಗೆ ಅರ್ಥವಾಗಲಿಲ್ಲ, ಕೈ ಬಿಡಿಸಿಕೊಳ್ಳಲಿಲ್ಲ. ಅಷ್ಟರಲ್ಲಿ ನಾವಿಕ ತಿರುಗಿ ಬರುತ್ತಿದ್ದ.

"ಕೇಳು, ಹೊತ್ತಿಲ್ಲ" ಅಂದಳು ಕುತ್ಲು. "ಆ ಮನೇಲೊಬ್ಬಳು ಮುದುಕಿ ಇದಾಳೆ. ಕೈ ನಡುಗುತ್ತೆ. ನಿನಗೆ ಸೂಜಿ ಹಿಡಿಯೋಕೆ ಬರುತ್ತಾ ಅಂತ ಕೇಳ್ತಾಳೆ, ಬರುತ್ತೆ ಅನ್ನು. ಅವಳು ಬರೀವಾಗ ಬಾಯಲ್ಲಿ ಗುಣುಗ್ತಾಳೆ. ತಲೆ ತಗ್ಗಿಸ್ಕೊಂಡು ಶಾಯಿ ಅರೀತಾ ಇರು. ಕಿವಿ ಮಾತ್ರ ಅಲ್ಲೇ ಇರಲಿ."